ಬಿದ್ದ ರಾಜನ ಮಾತು

ನವೆಂಬರ್ 10, ಭಾನುವಾರ

ಶಾಲೆಯ ವಾರ್ಷಿಕೋತ್ಸವಕ್ಕೆ ಈ ಸಲ ಖಂಡಗಳ ವಿಷಯ. ಚೀಟಿ ಎತ್ತಿದಾಗ ನನ್ನ ಹನ್ನೊಂದನೇ ತರಗತಿಗೆ ದಕ್ಷಿಣ ಅಮೆರಿಕ ಬಂತು. ಚರಿತ್ರೆಯ ಟೀಚರ್ ಎಂದು ನಿರೂಪಣೆ ಬರೆಯುವ ಕೆಲಸವೂ ನನಗೇ ಬಂತು. ಒಪ್ಪಿಗೆಯೇ ಎಂದು ಯಾರೂ ಕೇಳಲಿಲ್ಲ. ಸಭೆಗಳಲ್ಲಿ ಮಾತಾಡುವುದು ನನ್ನ ಸ್ವಭಾವವಲ್ಲ. ಬರೆದು ಕೊಡಿ ಎಂದರೆ ಕೊಡುತ್ತೇನೆ.

ಒಳಗೊಳಗೆ ಸಂತೋಷವಾಗಿದೆ. ಆ ಖಂಡದ ಕಾದಂಬರಿಗಳಲ್ಲಿ ಕನ್ನಡಕ್ಕೆ, ಇಂಗ್ಲಿಷಿಗೆ ಬಂದಷ್ಟನ್ನು ಓದಿಯೇ ಕುವೈತಿನ ಖೈತಾನಿನ ಈ ಫ್ಲ್ಯಾಟಿನಲ್ಲಿ ಬೇಸಿಗೆಗಳನ್ನು ಕಳೆದವಳು ನಾನು. ಕಥೆಗಿಂತ ಮೊದಲು ಅನುವಾದಕರ ಟಿಪ್ಪಣಿ ಓದುತ್ತೇನೆ. ಏನನ್ನು ಬಿಟ್ಟರು, ಏಕೆ ಬಿಟ್ಟರು ಎಂದು ತಿಳಿಯದೆ ಮುಂದೆ ಹೋಗಲಾರೆ.

ಗಂಡ ರಾಯ್ಸ್ಟನ್ ಇವತ್ತೂ ಮನೆಯಲ್ಲೇ. ರಾಯ್ ಎಂಬ ಬಡಾವಣೆಯಲ್ಲಿ ಅವನು ಕೆಲಸ ಮಾಡುತ್ತಿದ್ದ ಟೈಲ್ಸ್ ಶೋರೂಮ್ ಮುಚ್ಚಿದ ಮೇಲೆ ಮನೆ ನಡೆಯುವುದು, ನಾವು ಈ ದೇಶದಲ್ಲಿ ನಿಲ್ಲುವುದು, ಎರಡೂ ನನ್ನ ಕೆಲಸದಿಂದ. ನನ್ನ ಇಕಾಮಾ, ಎಂದರೆ ಇಲ್ಲಿ ವಾಸಿಸುವ ಪರವಾನಗಿ, ಶಾಲೆಯ ಹೆಸರಿನಲ್ಲಿದೆ. ಈಗಿನ ಕರಾರು ಜೂನಿಗೆ ಮುಗಿಯುತ್ತದೆ, ಹೊಸದಕ್ಕೆ ಸಹಿ ಮಾರ್ಚಿನಲ್ಲಿ. ಮಗಳು ವೆನಿಸ್ಸಾ ನನ್ನದೇ ತರಗತಿಯಲ್ಲಿದ್ದಾಳೆ. ಅವಳು ಹನ್ನೆರಡನೆಯದನ್ನು ಮುಗಿಸುವ ತನಕ ಹೇಗಾದರೂ ಇಲ್ಲಿ ಉಳಿಯಬೇಕು.

ಆದ್ದರಿಂದ ಈ ವರ್ಷ ಯಾರ ಕಣ್ಣಿಗೂ ಬೀಳದೆ ಇರುವುದು ಒಳ್ಳೆಯದು.

ನವೆಂಬರ್ 21, ಗುರುವಾರ

ನಿರೂಪಣೆ ಕೊಟ್ಟೆ. ಪ್ರಿನ್ಸಿಪಾಲ್ ಕಾರ್ಮೆಲ್ ಮೇಡಂ ಕರೆದರು. ಅವರೂ ನಮ್ಮ ಕರಾವಳಿ ಕಡೆಯವರೇ, ಶಿರ್ವದವರು. ಗಟ್ಟಿ ದನಿಯಲ್ಲಿ ಮಾತಾಡಿದವರಲ್ಲ. ಕೆಂಪು ಪೆನ್ನು ಹಿಡಿದುಕೊಂಡೇ ಕೂತಿದ್ದರು.

“ಚೆನ್ನಾಗಿ ಬರೆದಿದ್ದೀರಿ ವೆಲಿಟಾ. ಆದರೆ ಇದು ಆನ್ಯುವಲ್ ಡೇ, ಕೋರ್ಟ್ ಅಲ್ಲ.”

ಕೆಂಪು ಗೆರೆಗೆ ಸಿಕ್ಕಿ ಮೊದಲು ಹೋದದ್ದು ಪೊಟೊಸಿಯ ಬೆಳ್ಳಿ ಬೆಟ್ಟ. ಹಳ್ಳಿಹಳ್ಳಿಯಿಂದ ಸರದಿಯ ಮೇಲೆ ಗಂಡಸರನ್ನು ಎಳೆದು ಗಣಿಗೆ ಇಳಿಸುತ್ತಿದ್ದರು ಎಂದು ಬರೆದಿದ್ದೆ.

“ಚೀಫ್ ಗೆಸ್ಟ್ ಯಾರು ಗೊತ್ತುಂಟಲ್ಲ? ಕಂಪೆನಿಗಳಿಗೆ ಲೇಬರ್ ತರಿಸಿ ಕೊಡುವವರು. ಅವರನ್ನು ಕೂರಿಸಿ ಅವರ ಎದುರು ಇದನ್ನು ಓದುವುದಾ?”

ಆಮೇಲೆ ಆಫ್ರಿಕದಿಂದ ಸಂಕೋಲೆಯಲ್ಲಿ ತಂದ ಜನ ಹೋದರು. ಸೇನಾಡಳಿತಗಳು ಹೋದವು. ಉಳಿದದ್ದು ಹಡಗು, ರಾಜ, ಕಾಫಿ, ಸಾಂಬಾ ನೃತ್ಯ, ಫುಟ್‌ಬಾಲ್. ಐನೂರು ವರ್ಷ ಹತ್ತು ನಿಮಿಷಕ್ಕೆ ಇಳಿಯುವಾಗ ಏನಾದರೂ ಬಿಡಲೇಬೇಕು ಎಂದು ಸಮಾಧಾನ ಮಾಡಿಕೊಂಡೆ. ಕೊನೆಗೆ ರಾಜನ ದೃಶ್ಯ, ಹಡಗಿನಲ್ಲಿ ಬಂದ ಬಿಳಿಯರು ಅವನನ್ನು ಹಿಡಿಯುವುದು.

“ಇಲ್ಲಿ ಇಂಕಾ ರಾಜ ಪಾದ್ರಿ ಕೊಟ್ಟ ಪುಸ್ತಕವನ್ನು ನೆಲಕ್ಕೆ ಹಾಕ್ತಾನೆ ಅಂತ ಉಂಟು.”

“ಹಾಗೇ ಆದದ್ದು ಮೇಡಂ. 1532ರಲ್ಲಿ, ಪೆರುವಿನ ಕಹಮಾರ್ಕದ ಚೌಕದಲ್ಲಿ.”

“ಆಗಿರಬಹುದು. ಇದು ಕುವೈತಿನ ಸ್ಟೇಜ್. ಯಾವ ಧರ್ಮದ ಪುಸ್ತಕವೂ ಇಲ್ಲಿ ನೆಲಕ್ಕೆ ಬೀಳುವುದು ಬೇಡ. ಮುತ್ತಿಟ್ಟು ಮಂಡಿ ಊರಲಿ. ಚಂದ ಕಾಣ್ತದೆ.”

ನೆಲಕ್ಕೆ ಬೀಳಬಾರದು ಎಂಬ ಮಾತು ನನಗೂ ಅರ್ಥವಾಗುತ್ತದೆ. ಆದರೆ ಆ ರಾಜ, ಅತಾಹುವಾಲ್ಪ, ಮುತ್ತಿಡಲಿಲ್ಲ. ಅಲ್ಲಿ ಇದ್ದವರು, ಕೇಳಿ ಬರೆದವರು ಎಷ್ಟೋ ರೀತಿ ಹೇಳಿದ್ದಾರೆ. ಮುತ್ತಿಟ್ಟ ಎಂದು ಮಾತ್ರ ಯಾರೂ ಹೇಳಿಲ್ಲ. ಅದನ್ನು ಅಲ್ಲಿಯೇ ಹೇಳಬೇಕಿತ್ತು. ಹೇಳಲಿಲ್ಲ.

ನವೆಂಬರ್ 29, ಶುಕ್ರವಾರ

ಇಲ್ಲಿ ವಾರದ ರಜೆ ಶುಕ್ರವಾರ, ಶನಿವಾರ. ಪೂಜೆ ಮುಗಿಸಿ ಚರ್ಚಿನಿಂದ ನೇರ ಶಾಲೆಗೆ, ರಿಹರ್ಸಲಿಗೆ ಹೋದೆ. ರಾಜನ ಪಾತ್ರ ಅಶ್ಮಿತಾಗೆ. ಎತ್ತರದ ಹುಡುಗಿ, ದನಿ ಇದೆ. ಪಾದ್ರಿಯ ಪಾತ್ರ ವೆನಿಸ್ಸಾಗೆ. ಬಾಡಿಗೆಗೆ ಸಿಕ್ಕಿದ ಇಂಕಾ ಉಡುಪು ಕೋಳಿಗರಿಯ ಟೊಪ್ಪಿ ಮಾತ್ರ. ಅಶ್ಮಿತಾ ಅಪ್ಪನಿಗೆ ಫೋನ್ ಮಾಡಿದಳು. ಅವರು ಸುಕುಮಾರ, ಶರ್ಕ್‌ನ ಒಂದು ಹೋಟೆಲಿನಲ್ಲಿ ಔತಣಗಳ ಉಸ್ತುವಾರಿ. ರಜಾದಿನಗಳಲ್ಲಿ ಯಕ್ಷಗಾನದ ತಂಡ ನಡೆಸುತ್ತಾರೆ. ಪೆಟ್ಟಿಗೆ ಹೊತ್ತುಕೊಂಡು ಬಂದೇ ಬಿಟ್ಟರು. ಬೇಗಡೆ ಕಿರೀಟ, ಭುಜಕೀರ್ತಿ, ಎದೆಕಟ್ಟು ಎಲ್ಲ ಇದ್ದವು.

“ಟೀಚರ್, ಈ ರಾಜ ಯಾವ ಊರಿನವ?”

“ಪೆರು.”

“ಆಫ್ರಿಕಾವಾ?”

“ದಕ್ಷಿಣ ಅಮೆರಿಕ.”

“ಹ್ಞಾ, ಅದೇ ಅದೇ. ಅವನೂ ಸೂರ್ಯವಂಶದವ ಅಂತ ಮಗಳು ಹೇಳಿದ್ಳು. ಹಾಗಾದ್ರೆ ಈ ಕಿರೀಟ ಧಾರಾಳ ಆಗ್ತದೆ.”

ನಗು ಬಂತು, ತಡೆದುಕೊಂಡೆ. ಪೆರುವಿನ ರಾಜನಿಗೆ ಸುಕುಮಾರರ ಊರು ಬಡಗಬೆಟ್ಟಿನ ಕಿರೀಟ. ತಪ್ಪೆಂದರೆ ತಪ್ಪೇ. ಆದರೆ ಕೋಳಿಗರಿಗಿಂತ ಮರ್ಯಾದೆ ಇದೆ.

ದೃಶ್ಯ ನೋಡುತ್ತಾ ನಿಂತ ಸುಕುಮಾರ ಮಗಳು ಮಂಡಿ ಊರಿದ ಕೂಡಲೇ ಕೈ ತಟ್ಟಿ ನಿಲ್ಲಿಸಿದರು.

“ಎಂತದು ಇದು? ಕಿರೀಟ ಇಟ್ಟವ ಒಂದು ಮಾತೂ ಆಡದೆ ಮಂಡಿ ಊರುವುದಾ? ಆಗ್ಲಿಕ್ಕಿಲ್ಲ ಮಾರಾಯ್ರೆ. ನಮ್ಮಲ್ಲಿ ಬಾಣ ತಾಗಿ ಬಿದ್ದವನೂ ಅರ್ಧ ಗಂಟೆ ಅರ್ಥ ಹೇಳ್ತಾನೆ. ಹೊಡೆದವ ನಿಂತು ಕೇಳ್ಬೇಕು.”

ಅರ್ಥವೆಂದರೆ ವೇಷ ಹಾಕಿದವರು ಅಲ್ಲೇ ಕಟ್ಟಿ ಆಡುವ ಮಾತು. ಅದಕ್ಕೆ ಬರಹವಿಲ್ಲ. ನಾನು ಹೇಳಿದೆ: “ಇಲ್ಲಿ ಪ್ರತಿ ಸಾಲಿಗೂ ಪ್ರಿನ್ಸಿಪಾಲರ ಒಪ್ಪಿಗೆ ಬೇಕು. ಬರೆಯದ ಮಾತನ್ನು ನಾನು ನಂಬುವುದಿಲ್ಲ. ಅದನ್ನು ತಿದ್ದುವವರು ಯಾರು?”

“ಎದುರು ನಿಂತವ ತಿದ್ದುತ್ತಾನೆ ಟೀಚರ್. ತಪ್ಪು ಹೇಳಿದ್ರೆ ಅಲ್ಲಿಯೇ ಹರಾಜು ಹಾಕ್ತಾನೆ.”

ಬೀಡಾ ಹಾಕಿದ ಬಾಯಿಯಲ್ಲಿ ಗಹಗಹಿಸಿ ನಕ್ಕರು. ತಲೆನೋವಿನೊಡನೆ ಮನೆಗೆ ಬಂದೆ.

ಡಿಸೆಂಬರ್ 1, ಭಾನುವಾರ

ಬೆಳಿಗ್ಗೆ ಪ್ರಿನ್ಸಿಪಾಲರ ಕೋಣೆಗೆ ಹೋಗಿ ಮುತ್ತಿಡುವುದು ಬೇಡ ಎಂದೆ. ರಾಜ ಪುಸ್ತಕವನ್ನು ಕಿವಿಗೆ ಹಿಡಿದು, ಅದು ತನ್ನೊಡನೆ ಮಾತಾಡುತ್ತಿಲ್ಲ ಎಂದನೆಂದು ಹಳೆಯ ಒಂದು ವರದಿಯಲ್ಲಿದೆ. ಹಾಗೆ ಮಾಡಿ ಹಿಂದಿರುಗಿಸಲಿ, ನೆಲಕ್ಕೆ ಬೀಳುವುದಿಲ್ಲ ಎಂದೆ. ಕಾರ್ಮೆಲ್ ಮೇಡಂ ನನ್ನನ್ನೇ ನೋಡಿ “ಆಯ್ತು” ಎಂದರು. ಹಿಂದೆ ಬಂದು ಆ ಸಾಲು ತಿದ್ದಿದೆ.

ಡಿಸೆಂಬರ್ 13, ಶುಕ್ರವಾರ

ಅಶ್ಮಿತಾ ಮನೆಗೆ ಬಂದಿದ್ದಳು. ಈಗ ಎರಡನೆಯ ಸಲ. “ಟೀಚರ್, ಅಪ್ಪ ಹೇಳ್ತಾರೆ, ಕಿರೀಟ ಇಟ್ಟ ಮೇಲೆ ಅವನ ಮನಸ್ಸು ಗೊತ್ತಿರಬೇಕಂತೆ. ವಾಟ್ ಹ್ಯಾಪನ್ಡ್ ಆಫ್ಟರ್?”

ಆಮೇಲೆ ಏನಾಯಿತು? ಹೇಳುತ್ತಾ ಹೋದೆ. ಬಿಡುಗಡೆಗೆಂದು ಕೋಣೆ ತುಂಬ ಚಿನ್ನ ಕೊಟ್ಟ. ಕೊಟ್ಟ ಮೇಲೆಯೂ ಕೊಂದರು. ಬೆಂಕಿಯಲ್ಲಿ ಸುಡದೆ ಕತ್ತು ಬಿಗಿಯಲಿ ಎಂದು ಜ್ಞಾನಸ್ನಾನ ಮಾಡಿಸಿಕೊಂಡ. ಬೆಳ್ಳಿ, ಸಕ್ಕರೆ, ಗುಲಾಮರು. ಆಮೇಲೆ ಬೊಲಿವಾರ್, ಸಾನ್ ಮಾರ್ಟಿನ್ ನಡೆಸಿದ ಯುದ್ಧಗಳು, ಒಂದೊಂದಾಗಿ ಸ್ವತಂತ್ರವಾದ ದೇಶಗಳು. ಸ್ವಾತಂತ್ರ್ಯ ಬಂದರೂ ಹೊಲ, ಗಣಿಗಳನ್ನು ಬಿಡದ ದೊಡ್ಡ ಮನೆತನಗಳು. ನಮ್ಮ ಅಪ್ಪಅಮ್ಮಂದಿರ ಕಾಲದ ಜನರಲ್‌ಗಳು, ಕಾಣೆಯಾದ ಹುಡುಗರು. ಮತ್ತೆ ಮತದಾನ. ಈಗ ಫೋನಿನ ಬ್ಯಾಟರಿಗಾಗಿ ಉಪ್ಪಿನ ಬಯಲಿನಿಂದ ಎತ್ತುವ ಲಿಥಿಯಂ.

ವೆನಿಸ್ಸಾ ಸೋಫಾದಲ್ಲಿ ಮಲಗಿ ಎಲ್ಲ ಕೇಳುತ್ತಿದ್ದಳು. “ಮಮ್ಮಾ, ಸೋ ಐ ಆ್ಯಮ್ ದ ಬ್ಯಾಡ್ ಗಯ್?”

ಅಡುಗೆಮನೆಯಿಂದ ರಾಯ್ಸ್ಟನ್: “ಮಥಾಯಸ್ ಅಂತ ಹೆಸರಿಟ್ಟುಕೊಂಡು ಈಗ ಕೇಳ್ತೀಯಾ ಪುತಾ?”

ಪರದೇಶದ ಪಾದ್ರಿಗಳಿಂದ ನಮ್ಮ ಮನೆತನಕ್ಕೆ ಬಂದ ಹೆಸರು ಅದು, ಅವನದು ತಮಾಷೆ. ಆದರೆ ನಾನು ಉತ್ತರ ಕೊಡಬೇಕಾಯಿತು. ನಮ್ಮ ಹಿರಿಯರಿಗೂ ಅದೇ ಶತಮಾನದಲ್ಲಿ ಬೇರೆ ಹಡಗಿನಿಂದ ಇಳಿದ ಯಾರೋ ಪುಸ್ತಕ ಚಾಚಿದ್ದರು ಎಂದೆ. ಅವರು ತೆಗೆದುಕೊಂಡರು. ಹೆದರಿ ತೆಗೆದುಕೊಂಡರೋ ಒಪ್ಪಿ ತೆಗೆದುಕೊಂಡರೋ ನನಗೆ ಗೊತ್ತಿಲ್ಲ. ಅದರಲ್ಲಿಯೇ ನಾನು ಪ್ರಾರ್ಥಿಸುತ್ತೇನೆ, ನನಗೆ ನಾಚಿಕೆಯಿಲ್ಲ. ಆದರೆ ಮುತ್ತಿಡದವನು ಮುತ್ತಿಟ್ಟ ಎನ್ನಲಾರೆ.

ಇಷ್ಟು ಉದ್ದ ಮನೆಯಲ್ಲಿ ಮಾತಾಡಿ ಎಷ್ಟು ಕಾಲವಾಯಿತೋ. ಚಪಾತಿ ಕರಟಿಹೋಗಿತ್ತು.

ಜನವರಿ 9, ಗುರುವಾರ

ಪ್ರಿನ್ಸಿಪಾಲರ ಮುಂದೆ ಪೂರ್ತಿ ರಿಹರ್ಸಲ್ ಆಯಿತು. ಎಲ್ಲ ಬರೆದಂತೆಯೇ. ರಾಜ ಬಿದ್ದ, ಸಾಂಬಾ ಶುರುವಾಯಿತು. ಮೇಡಂ ಚಪ್ಪಾಳೆ ತಟ್ಟಿದರು. ಅಶ್ಮಿತಾ ಎದ್ದು ಕಿರೀಟ ಬಿಚ್ಚುವಾಗ ಮುಖ ನೆಟ್ಟಗಿರಲಿಲ್ಲ.

ಜನವರಿ 15, ಬುಧವಾರ

ಶಾಲೆ ಬಿಟ್ಟ ಮೇಲೆ ಮೆಟ್ಟಿಲ ಹತ್ತಿರ ಅಶ್ಮಿತಾ ತಡೆದಳು. ವೆನಿಸ್ಸಾ ನನ್ನ ಪಕ್ಕದಲ್ಲೇ ಇದ್ದಳು.

“ಟೀಚರ್, ನಾಳೆ ಆನ್ಯುವಲ್ ಡೇಯಲ್ಲಿ ಬಿದ್ದ ಮೇಲೆ… ಅರ್ಥ ಹೇಳ್ಲಾ?”

ಬೇಡ ಎನ್ನಲು ಬಾಯಿ ತೆರೆದೆ. “ಹೇಳು. ಒಂದೂ ಸುಳ್ಳು ಬೇಡ” ಎಂದೆ.

ಜನವರಿ 16, ಗುರುವಾರ

ಹೇಳಿದಳು.

ವೆನಿಸ್ಸಾ ಮಖಮಲ್ಲು ಸುತ್ತಿದ ರಟ್ಟಿನ ಪುಸ್ತಕ ಚಾಚಿದಳು. ಅಶ್ಮಿತಾ ಕಿವಿಗೆ ಹಿಡಿದು, ಇಲ್ಲವೆಂದು ತಲೆಯಾಡಿಸಿ ಹಿಂದೆ ಕೊಟ್ಟಳು. ಸೈನಿಕರು ನುಗ್ಗಿದರು. ರಾಜ ಬಿದ್ದ. ಸಾಂಬಾದ ಡೋಲು ಶುರುವಾಗುವಷ್ಟರಲ್ಲಿ ಬಿದ್ದವಳು ಮೊಣಕೈ ಊರಿ ಎದ್ದು “ನಿಲ್ಲಿ!” ಎಂದು ಗರ್ಜಿಸಿದಳು. ಸಂಗೀತದ ಟೀಚರ್ ಗಾಬರಿಯಿಂದ ಹಾಡು ನಿಲ್ಲಿಸಿದರು. ಸೈನಿಕರಾದ ಹುಡುಗರು ಈಟಿ ತಗ್ಗಿಸಿ ನಿಂತರು. ಹೊಡೆದವ ನಿಂತು ಕೇಳಬೇಕೆಂದು ಸುಕುಮಾರ ಅವರಿಗೆ ಯಾವಾಗಲೋ ಕಲಿಸಿದ್ದಿರಬೇಕು.

ಮಾತು ಇಂಗ್ಲಿಷಿನದು, ರಾಗ ಅಪ್ಪನದು. ನೆನಪಿದ್ದಷ್ಟನ್ನು ಕನ್ನಡಕ್ಕೆ ತಂದಿಡುತ್ತೇನೆ.

“ನನ್ನನ್ನು ಕೊಂದಿರಿ. ಅದನ್ನು ಕೊಲೆ ಎನ್ನಿ, ಯುದ್ಧ ಎನ್ನಿ. ನನ್ನ ನಾಡನ್ನು ಕಂಡುಹಿಡಿದೆವು ಎನ್ನಬೇಡಿ. ನಾವು ಕಳೆದುಹೋಗಿರಲಿಲ್ಲ. ಕೋಣೆ ತುಂಬ ಚಿನ್ನ ತೆಗೆದುಕೊಂಡು ಬಿಡುತ್ತೇವೆ ಎಂದಿರಿ. ಚಿನ್ನ ಎಲ್ಲಿ ಹೋಯಿತೆಂದು ನಿಮಗೆ ಗೊತ್ತು, ಮಾತು ಎಲ್ಲಿ ಹೋಯಿತು? ನಾಳೆ ನನ್ನ ಬೆಟ್ಟವನ್ನು ಒಳಗಿನಿಂದ ತಿನ್ನುತ್ತೀರಿ. ಸರದಿಯೆಂದು ಕರೆಸಿಕೊಂಡ ಗಂಡಸರು ಮನೆಯವರಿಗೆ ಬರುತ್ತೇನೆ ಎಂದು ಹೇಳಿ ಒಳಗೆ ಇಳಿಯುತ್ತಾರೆ. ಅವರು ಸಾಲದಾದಾಗ ಕಡಲಾಚೆಯಿಂದ ಮನುಷ್ಯರನ್ನು ಕಟ್ಟಿ ತರುತ್ತೀರಿ. ಒಂದು ದಿನ ನಿಮ್ಮ ಮೊಮ್ಮಕ್ಕಳೇ ನಿಮ್ಮ ರಾಜನ ಮೇಲೆ ಕುದುರೆ ಓಡಿಸುತ್ತಾರೆ, ಸ್ವಾತಂತ್ರ್ಯ ಎಂದು ಕೂಗುತ್ತಾರೆ, ಬೆಟ್ಟವನ್ನು ಮಾತ್ರ ತಾವೇ ಇಟ್ಟುಕೊಳ್ಳುತ್ತಾರೆ. ಆಮೇಲೆ ಸಮವಸ್ತ್ರದವರು ಬಂದು ಮನೆಗಳಿಂದ ಮಕ್ಕಳನ್ನು ಒಯ್ಯುತ್ತಾರೆ. ತಾಯಂದಿರು ಬಿಳಿ ವಸ್ತ್ರ ತಲೆಗೆ ಕಟ್ಟಿ ಚೌಕದಲ್ಲಿ ಸುತ್ತು ಹಾಕುತ್ತಾರೆ. ಬಂದೂಕಿನವನು ದಣಿದು ಹೋಗುತ್ತಾನೆ, ಅವರು ದಣಿಯುವುದಿಲ್ಲ. ನನ್ನ ಭಾಷೆ ಬೆಟ್ಟದ ಮೇಲೆ ಇನ್ನೂ ಮಾತಾಡುತ್ತಿರುತ್ತದೆ. ಸತ್ತವನು ನಾನು. ಮುಗಿದೆ ಎಂದು ಯಾರು ಹೇಳಿದ್ದು?”

ಆಮೇಲೆ ಸರಿಯಾಗಿ ಬಿದ್ದಳು. ಹಿಂದಿನ ಸಾಲಿನಿಂದ ಒಬ್ಬರು “ಭಲೇ!” ಎಂದು ಕೂಗಿದರು. ಅದು ಯಾರೆಂದು ಹೇಳಬೇಕಾಗಿಲ್ಲ. ಆಮೇಲೆ ಬಂದ ಚಪ್ಪಾಳೆ ನಿಲ್ಲಲೇ ಇಲ್ಲ. ಮುಖ್ಯ ಅತಿಥಿ ಫೋನ್ ಕಿವಿಗಿಟ್ಟು ಹೊರಗೆ ನಡೆದರು, ತಿರುಗಿ ಬರಲಿಲ್ಲ.

ಒಂದೂ ತಪ್ಪಿರಲಿಲ್ಲ. ಪೂರ್ತಿ ಗಮನವಿಟ್ಟು ಕೇಳಿದ್ದೇನೆ.

ಜನವರಿ 19, ಭಾನುವಾರ

ಕಾರ್ಮೆಲ್ ಮೇಡಂ ಮೇಜಿನ ಮೇಲೆ ಎರಡು ಕಾಗದ. ಒಂದು, ಮಾರ್ಚಿಗೆ ಮೊದಲೇ ತಯಾರಾದ ನನ್ನ ಹೊಸ ಕರಾರು. ಇನ್ನೊಂದು ನಾಲ್ಕು ಸಾಲಿನ ಹೇಳಿಕೆ: ಅಶ್ಮಿತಾ ಟೀಚರಿಗೆ ತಿಳಿಸದೆ, ಬೇಕೆಂದೇ, ಒಪ್ಪಿಗೆಯಿಲ್ಲದ ಮಾತು ಆಡಿದಳು. ಕೆಳಗೆ ನನ್ನ ಸಹಿಗೆ ಜಾಗ.

“ಮ್ಯಾನೇಜ್‌ಮೆಂಟಿಗೆ ಯಾರಾದರೂ ಒಬ್ಬರು ಬೇಕು” ಎಂದರು.

“ಹುಡುಗಿಗೆ ಏನು ಮಾಡ್ತಾರೆ?”

“ಟೀಸಿ ಕೊಟ್ಟು ಕಳಿಸ್ತಾರೆ. ಚಿಕ್ಕವಳು, ಬೇರೆ ಶಾಲೆ ಸಿಗ್ತದೆ. ನಿಮಗೆ ಈ ವಯಸ್ಸಿನಲ್ಲಿ ಬೇರೆ ಕೆಲಸ ಎಲ್ಲಿ ಸಿಗ್ತದೆ ವೆಲಿಟಾ? ನಿಮ್ಮ ಒಳ್ಳೆಯದಕ್ಕೇ ಹೇಳ್ತಿದ್ದೇನೆ.”

ಅದು ನಿಜವೇ. ನಾಳೆ ಬೆಳಿಗ್ಗೆ ಮ್ಯಾನೇಜ್‌ಮೆಂಟ್ ಸಭೆ, ಅಷ್ಟರೊಳಗೆ ಕೊಡಬೇಕು.

ಮನೆಯಲ್ಲಿ ಹೇಳಿದೆ. ರಾಯ್ಸ್ಟನ್ ಮೊದಲು ನಕ್ಕ. “ನಿನ್ನ ಇಂಕಾ ನಮ್ಮ ಇಕಾಮಾ ಕಟ್ ಮಾಡಿಸಿದ.” ಮತ್ತೆ ನಗಲಿಲ್ಲ. “ಸಹಿ ಹಾಕು ವೆಲಿ. ಬೇರೆಯವರ ಮಗಳು. ನಮಗೂ ಒಬ್ಬಳು ಇದ್ದಾಳೆ.”

“ಡ್ಯಾಡಾ, ನೋ.” ವೆನಿಸ್ಸಾ ಎದ್ದು ನಿಂತಳು. ಅವಳು ಕನ್ನಡದಲ್ಲಿ ಮಾತಾಡುವುದು ಅಪರೂಪ. “ಮಮ್ಮಾ ಹೇಳು ಅಂದದ್ದು. ನಾನು ಕೇಳಿದ್ದೇನೆ. ಮೆಟ್ಟಿಲ ಹತ್ತಿರ.”

ರಾಯ್ಸ್ಟನ್ ನನ್ನ ಕಡೆ ತಿರುಗಿದ. “ಹೌದಾ?”

“ಹೌದು.”

ಅವನು ಎದ್ದು ಅಡುಗೆಮನೆಗೆ ಹೋದ. ಊಟಕ್ಕೆ ಬಡಿಸುವಾಗ ಮೀನಿನ ದೊಡ್ಡ ತುಂಡನ್ನು ನನ್ನ ತಟ್ಟೆಗೆ ಹಾಕಿದ, ಸಿಟ್ಟಿನಿಂದಲೇ.

ಜನವರಿ 20, ಸೋಮವಾರ

ಸಭೆಗೆ ನನ್ನನ್ನೂ ಕರೆದಿದ್ದರು. ಹೇಳಿಕೆಯನ್ನು ಸಹಿಯಿಲ್ಲದೆ ಮೇಜಿನ ಮೇಲಿಟ್ಟೆ.

“ಇದರಲ್ಲಿರುವುದು ಸುಳ್ಳು. ನನಗೆ ತಿಳಿದಿತ್ತು. ಕಲಿಸಿದವಳು ನಾನು, ಹೇಳು ಎಂದವಳೂ ನಾನು. ಅವಳು ಕೇಳಿಯೇ ಮಾಡಿದ್ದಾಳೆ.”

ಮ್ಯಾನೇಜ್‌ಮೆಂಟಿನ ಒಬ್ಬರು, ಹೆಸರು ಗೊತ್ತಿಲ್ಲ, ಕನ್ನಡಕ ತೆಗೆದರು. “ವಿಷಾದವಾದರೂ ಇದೆಯೇ ನಿಮಗೆ?”

“ಆ ಹುಡುಗಿ ಹೇಳಿದ್ದರಲ್ಲಿ ತಪ್ಪು ಯಾವುದೆಂದು ತೋರಿಸಿ. ತೋರಿಸಿದರೆ ವಿಷಾದವನ್ನೂ ಬರೆದು ಕೊಡುತ್ತೇನೆ, ಸಹಿಯನ್ನೂ ಹಾಕುತ್ತೇನೆ.”

“ಇದು ಸರಿ ತಪ್ಪಿನ ಪ್ರಶ್ನೆ ಅಲ್ಲ ವೆಲಿಟಾ” ಎಂದರು ಕಾರ್ಮೆಲ್ ಮೇಡಂ, ಮೆಲ್ಲಗೆ.

“ನಾನು ಇಲ್ಲಿ ಕಲಿಸುವುದು ಅದನ್ನೊಂದೇ ಮೇಡಂ. ಸರಿ ಯಾವುದು, ತಪ್ಪು ಯಾವುದು, ಯಾರು ಕಂಡರು, ಯಾರು ಬರೆದರು. ಅದು ಬೇಡವಾದರೆ ನಾನೂ ಬೇಡ. ಕ್ರಮ ಏನಿದ್ದರೂ ನನ್ನ ಮೇಲೆ. ಹುಡುಗಿಗೆ ಟೀಸಿ ಕೊಟ್ಟರೆ ಅವಳ ಜೊತೆ ಸೈನಿಕರಾಗಿ ನಿಂತು ಕೇಳಿದ ಹುಡುಗರಿಗೂ, ಪಾದ್ರಿಯಾದ ನನ್ನ ಮಗಳಿಗೂ ಕೊಡಿ. ಚಪ್ಪಾಳೆ ತಟ್ಟಿದ ತಂದೆತಾಯಂದಿರಿಗೆ ಏಕೆಂದು ವಿವರಿಸುವವರು ನೀವು.”

ಹೊರಗೆ ಬಂದು ನೀರು ಕುಡಿದೆ. ಮೂರನೆಯ ಪಿರಿಯಡ್ ಇತ್ತು, ಹೋದೆ.

ಜನವರಿ 23, ಗುರುವಾರ

ಅಶ್ಮಿತಾ ಮೇಲೆ ಕ್ರಮ ಇಲ್ಲ. ನನ್ನ ಕರಾರಿನ ನವೀಕರಣವೂ ಇಲ್ಲ. ಜೂನ್ ಕೊನೆಯವರೆಗೆ ಕೆಲಸ.

ಕಾರ್ಮೆಲ್ ಮೇಡಂ ಕಾಗದ ಕೊಡುವಾಗ ಬಾಗಿಲು ಮುಚ್ಚಿ ಬಂದರು. “ಆ ತಾಯಂದಿರ ವಿಷಯ. ಅವರ ಮಕ್ಕಳು ಸಿಕ್ಕಿದರಾ?”

“ಕೆಲವರ ಮೂಳೆಗಳು ಸಿಕ್ಕಿವೆ. ಕೆಲವರ ಮೊಮ್ಮಕ್ಕಳು ಸಿಕ್ಕಿದ್ದಾರೆ. ಹೆಚ್ಚಿನವರು ಇಲ್ಲ. ಇನ್ನೂ ಹುಡುಕುತ್ತಿದ್ದಾರೆ.”

ತಲೆಯಾಡಿಸಿದರು. ಬಾಗಿಲು ತೆರೆದರು.

ರಾಯ್ಸ್ಟನ್ ಶುವೈಖ್‌ನ ಒಂದು ಗೋದಾಮಿಗೆ ಇಂಟರ್‌ವ್ಯೂಗೆ ಹೋಗಿದ್ದಾನೆ. ಸಿಕ್ಕಿದರೆ ಇಲ್ಲಿ, ಇಲ್ಲದಿದ್ದರೆ ವೆನಿಸ್ಸಾ ಹನ್ನೆರಡನೆಯದನ್ನು ಮಂಗಳೂರಿನಲ್ಲಿ ಓದುತ್ತಾಳೆ. ಅವಳಿಗೆ ಹೇಳಿದೆ. ಅತ್ತಳು, ಮುಖ ತೊಳೆದು ಬಂದಳು, “ಓಕೆ. ಬಟ್ ನೋ ಸಾರಿ” ಎಂದಳು.

ಜನವರಿ 31, ಶುಕ್ರವಾರ

ಸುಕುಮಾರ ಹೋಟೆಲಿನಿಂದ ಒಂದು ಡಬ್ಬಿ ಹಲ್ವಾ ಹಿಡಿದುಕೊಂಡು ಮನೆಗೆ ಬಂದರು. ಸೋಫಾದ ತುದಿಯಲ್ಲಿ ಕೂತು ತಗ್ಗಿದ ದನಿಯಲ್ಲಿ ಮಾತು ತೆಗೆದರು.

“ನನ್ನ ಬಾಯಿಂದ ನಿಮ್ಮ ಕೆಲಸ ಹೋಯ್ತು ಟೀಚರ್.”

“ನಿಮ್ಮ ಬಾಯಿಂದ ಅಲ್ಲ, ನನ್ನ ಬಾಯಿಂದ. ಅದನ್ನು ನೀವು ತೆಗೆದುಕೊಳ್ಳಬೇಡಿ.”

ರಾಯ್ಸ್ಟನ್ ಚಹಾ ತಂದ. ಅದು ಮುಗಿಯುವಷ್ಟರಲ್ಲಿ ಅವರ ದನಿ ಮರಳಿತ್ತು. ಖೈತಾನಿನಲ್ಲಿ ಒಬ್ಬರ ನೆಲಮಾಳಿಗೆ ಶುಕ್ರವಾರ ಸಂಜೆ ಖಾಲಿ ಇರುತ್ತದೆಯಂತೆ. ವೇಷ ಬೇಡ, ಕುಣಿತ ಬೇಡ, ಕೂತು ಮಾತಿನಲ್ಲೇ ವಾದ ನಡೆಸುವ ತಾಳಮದ್ದಳೆ ಇಡೋಣ, ಇಂಕಾ ರಾಜನದ್ದೇ ಪ್ರಸಂಗ, ಸಂಗತಿ ನೀವು ಕೊಡಿ ಎಂದರು.

“ರಾಜನ ಅರ್ಥ ನಾನು ಹೇಳ್ತೇನೆ. ಇಪ್ಪತ್ತು ವರ್ಷದಿಂದ ರಾಜನೇ ನಾನು.”

“ಬೇಡ. ನೀವು ಪಿಜಾರೊ, ಅವನನ್ನು ಹಿಡಿದು ಕೊಂದವನು.”

“ನಾನಾ? ಕಳ್ಳನ ಪಾತ್ರವಾ?”

“ಗೆದ್ದವನ ಪರವಾಗಿ ಬಲವಾಗಿ ವಾದಿಸುವವರು ಒಬ್ಬರು ಬೇಕು. ಅವನಲ್ಲಿಯೂ ಮಾತಿದೆ, ಅದನ್ನು ಪೂರ್ತಿ ಆಡಿ. ಅರ್ಧ ಆಡಿದವನನ್ನು ಸೋಲಿಸಿ ಏನು ಪ್ರಯೋಜನ?”

“ಸರಿ. ಹಾಗಾದ್ರೆ ಎದುರು ರಾಜನಾಗಿ ಯಾರು? ಮಗಳಾ?”

“ಅವಳಿಗೆ ಪರೀಕ್ಷೆ ಇದೆ. ನಾನು.”

ರಾಯ್ಸ್ಟನ್ ಲೋಟ ಕೆಳಗಿಟ್ಟ. ಸುಕುಮಾರ ನನ್ನ ಮುಖವನ್ನೇ ನೋಡಿದರು.

“ಟೀಚರ್, ಸ್ವಲ್ಪ ಬರೆದು ಇಟ್ಟುಕೊಳ್ಳಿ ಆಯ್ತಾ. ನಾನು ಎದುರು ಕೂತರೆ ಬಿಡುವವನಲ್ಲ.”

ಬರೆಯುವುದಿಲ್ಲ ಎಂದೆ. ಬರುವ ಶುಕ್ರವಾರ, ಸಂಜೆ ಆರಕ್ಕೆ.